ಕೋಡಿಯ ಮಠದ ಕಾಳಾಮುಖರು

ಕಾಳಾಮುಖರೆಂಬ ಶೈವ ಪಂಥದ ಹೆಸರು ಕಿವಿಗೆ ಬಿದ್ದೊಡನೆ ಕಣ್ಣೆದುರು ಬರುವ ಚಿತ್ರ ಬಹುಮಟ್ಟಿಗೆ ರಾಮಾನುಜಾಚಾರ್ಯರ ಶ್ರೀಭಾಷ್ಯದಿಂದ ಬಂದದ್ದು. ತಲೆಬುರುಡೆಯ ಪಾತ್ರೆಯಲ್ಲಿ ಉಣ್ಣುವವರು, ಹೆಣದ ಬೂದಿಯನ್ನು ಮೈಗೆ ಬಳಿದುಕೊಳ್ಳುವವರು, ಅದನ್ನೇ ತಿನ್ನುವವರು, ಕೈಯಲ್ಲಿ ದೊಣ್ಣೆ ಹಿಡಿದವರು, ಹೆಂಡದ ಕೊಡವನ್ನಿಟ್ಟು ಅದರಲ್ಲಿ ದೇವರನ್ನು ಪೂಜಿಸುವವರು ಎಂದು ಅಲ್ಲಿ ಅವರ ಆಚಾರಗಳ ಪಟ್ಟಿಯಿದೆ. ಈ ಪಟ್ಟಿ ಶತಮಾನಗಳ ಕಾಲ ಗ್ರಂಥದಿಂದ ಗ್ರಂಥಕ್ಕೆ ಸಾಗಿ ಬಂದು, ಕೊನೆಗೆ ಇತಿಹಾಸದ ಪುಸ್ತಕಗಳನ್ನೂ ಸೇರಿತು. ಆದರೆ ಇದೇ ಕಾಳಾಮುಖರು ಕಲ್ಯಾಣದ ಚಾಲುಕ್ಯರ ಸಾಮ್ರಾಜ್ಯದಲ್ಲಿ ಎರಡು ಶತಮಾನಗಳಿಗೂ ಹೆಚ್ಚು ಕಾಲ ದೇವಾಲಯಗಳ ಸ್ಥಾನಾಚಾರ್ಯರಾಗಿದ್ದರು, ಪಾಠಶಾಲೆಗಳನ್ನು ನಡೆಸಿದರು, ಅರಸರಿಂದ ಕಾಲು ತೊಳೆಸಿಕೊಂಡು ದಾನ ಪಡೆದರು. ಅವರ ಬಗ್ಗೆ ಕನ್ನಡ ನಾಡಿನ ಕಲ್ಲುಗಳು ಹೇಳುವ ಮಾತಿಗೂ ಭಾಷ್ಯದ ಮಾತಿಗೂ ಎಲ್ಲಿಯೂ ಹೊಂದಿಕೆಯಾಗುವುದಿಲ್ಲ. ಎರಡೂ ಹೆಚ್ಚುಕಡಿಮೆ ಒಂದೇ ಕಾಲದವು. ಇವುಗಳಲ್ಲಿ ಕಲ್ಲಿನ ಮಾತೇ ಹೆಚ್ಚು ನಂಬಲರ್ಹ ಎಂಬುದು ನನ್ನ ವಾದ. ಅದರ ಜೊತೆಗೆ ಇನ್ನೊಂದು ಮಾತನ್ನೂ ಹೇಳಬೇಕಾಗಿದೆ. ಕಾಳಾಮುಖರು ಕಠಿಣ ವ್ರತದವರು ಎಂಬುದು ನಿಜ. ಆ ಕಾಠಿಣ್ಯವನ್ನು ಅವರು ತಮ್ಮ ಮೇಲೆ ಹೇರಿಕೊಂಡಿದ್ದರಿಂದಲೇ ಅವರ ಮಠದ ಬಾಗಿಲು ಊರಿಗೆಲ್ಲ ತೆರೆದಿರಲು ಸಾಧ್ಯವಾಯಿತು.

ಈ ಕಥೆಯ ನಡುಮನೆ ಬಳ್ಳಿಗಾವಿ. ಇಂದು ಶಿವಮೊಗ್ಗ ಜಿಲ್ಲೆ ಶಿಕಾರಿಪುರ ತಾಲ್ಲೂಕಿನ ಹಳ್ಳಿ. ಅಂದು ಬನವಾಸಿ ಹನ್ನೆರಡು ಸಾವಿರ ಎಂಬ ಪ್ರಾಂತ್ಯದ ರಾಜಧಾನಿ. ಹರಿ, ಹರ, ಬ್ರಹ್ಮ, ಜಿನ, ಬುದ್ಧ ಎಂಬ ಐದು ದೈವಗಳ ಮಠಗಳೂ ಇದ್ದ ಪಟ್ಟಣವೆಂದು ಶಾಸನಗಳು ಅದನ್ನು ಹೊಗಳುತ್ತವೆ. ಇದು ಬರಿಯ ಹೊಗಳಿಕೆಯಾಗಿರಲಿಲ್ಲ. ಒಂದನೆಯ ಸೋಮೇಶ್ವರನ ಕಾಲದಲ್ಲಿ, 1065ರಲ್ಲಿ, ದಂಡನಾಯಕ ರೂಪಭಟ್ಟಯ್ಯ ಇಲ್ಲಿಯೇ ಜಯಂತಿ ಬೌದ್ಧವಿಹಾರವನ್ನು ಕಟ್ಟಿಸಿದ್ದ. ಇಂಥ ಊರಿನ ತಾವರೆಗೆರೆಯ ಕೋಡಿಯ ಬಳಿ ಇದ್ದದ್ದು ದಕ್ಷಿಣ ಕೇದಾರೇಶ್ವರ ದೇವಾಲಯ ಮತ್ತು ಅದಕ್ಕೆ ಸೇರಿದ ಕೋಡಿಯ ಮಠ. ಮಠದ ಆಚಾರ್ಯರು ತಮ್ಮನ್ನು ಶಕ್ತಿಪರಿಷೆ ಎಂಬ ಪಂಗಡದ, ಅದರೊಳಗಿನ ಪರ್ವತಾವಳಿಯ, ಮೂವರ ಕೋಣೆಯ ಸಂತತಿಯವರೆಂದು ಕರೆದುಕೊಂಡರು. ಕೇದಾರಶಕ್ತಿ, ಅವನ ಶಿಷ್ಯ ಶ್ರೀಕಂಠ, ಅವನ ಶಿಷ್ಯ ಸೋಮೇಶ್ವರ ಪಂಡಿತ, ಮುಂದೆ ವಿದ್ಯಾಭರಣ, ವಾಮಶಕ್ತಿ, ಗೌತಮ, ಮತ್ತೊಬ್ಬ ವಾಮಶಕ್ತಿ ಎಂದು ಆ ಸಾಲು ಸಾಗುತ್ತದೆ. ಆರನೆಯ ವಿಕ್ರಮಾದಿತ್ಯನ ಕಾಲದಿಂದ ಕಳಚುರಿ ಬಿಜ್ಜಳನ ಕಾಲವನ್ನೂ ದಾಟಿ 12ನೇ ಶತಮಾನದ ಕೊನೆಯವರೆಗೆ ರಾಜ್ಯ ಕೈ ಬದಲಾಯಿಸಿತು, ಪಟ್ಟವೇರಿದವರ ವಂಶವೇ ಬದಲಾಯಿತು. ಕೋಡಿಯ ಮಠದ ಗುರುಪರಂಪರೆ ಮಾತ್ರ ಕಡಿಯಲಿಲ್ಲ. ಗದಗಿನ ತ್ರಿಕೂಟೇಶ್ವರ, ಕುಪ್ಪಟೂರು, ಅಬ್ಬಲೂರು, ಸೂಡಿ ಹೀಗೆ ಇವರ ಶಾಖೆಗಳೂ ಸಂಬಂಧಿಕ ಪರಿಷೆಗಳೂ ನಾಡಿನ ತುಂಬ ಇದ್ದವು.

ಇವರ ಮೂಲ ಲಾಕುಳ ಸಿದ್ಧಾಂತ, ಅಂದರೆ ಲಕುಲೀಶನ ಹೆಸರಿಗೆ ಸಲ್ಲುವ ಪಾಶುಪತ ಮಾರ್ಗ. ಲಕುಲೀಶ ಗುಜರಾತಿನ ಕಾಯಾವರೋಹಣದವನೆಂದು ಪರಂಪರೆ ಹೇಳುತ್ತದೆ. ಇಮ್ಮಡಿ ಚಂದ್ರಗುಪ್ತನ ಕಾಲದ, ಕ್ರಿ.ಶ. 380ರ ಮಥುರೆಯ ಸ್ತಂಭಶಾಸನ ಆ ಪರಂಪರೆಯ ಹತ್ತನೆಯ ತಲೆಯ ಆಚಾರ್ಯನನ್ನು ಹೆಸರಿಸುವುದರಿಂದ ಮಾರ್ಗದ ಹಳಮೆ ತಿಳಿಯುತ್ತದೆ. ಪಾಶುಪತ ಸೂತ್ರ ಮತ್ತು ಅದಕ್ಕೆ ಕೌಂಡಿನ್ಯ ಬರೆದ ಭಾಷ್ಯ 1940ರಲ್ಲಿ ತಿರುವನಂತಪುರದಲ್ಲಿ ಅಚ್ಚಾದ ಮೇಲೆ ಈ ವ್ರತದ ಒಳಗು ನಮಗೆ ಕಾಣಿಸಿತು. ಸಾಧಕ ದಿನಕ್ಕೆ ಮೂರು ಸಲ ಭಸ್ಮಸ್ನಾನ ಮಾಡಬೇಕು, ಭಸ್ಮದಲ್ಲಿಯೇ ಮಲಗಬೇಕು, ದೇವರ ಮುಂದೆ ನಗಬೇಕು, ಹಾಡಬೇಕು, ಕುಣಿಯಬೇಕು. ಮುಂದಿನ ಹಂತದಲ್ಲಿ ತನ್ನ ವ್ರತದ ಗುರುತುಗಳನ್ನು ಮರೆಮಾಚಿ ಜನರ ನಡುವೆ ಹೋಗಿ, ಕುಂಟುವವನಂತೆ, ನಡುಗುವವನಂತೆ, ಮತಿಗೆಟ್ಟವನಂತೆ ನಡೆದು ಅವರ ತಿರಸ್ಕಾರವನ್ನು ಬೇಕೆಂದೇ ಬರಮಾಡಿಕೊಳ್ಳಬೇಕು. ಸುಮ್ಮನೆ ನಿಂದಿಸಿದವನ ಪುಣ್ಯ ನಿಂದೆಯುಂಡವನಿಗೆ ಸಲ್ಲುತ್ತದೆ ಎಂಬುದು ಅವರ ನಂಬಿಕೆ. ಆಮೇಲೆ ಗುಹೆ ಅಥವಾ ಪಾಳುಮನೆ, ಅದಾದ ಮೇಲೆ ಸ್ಮಶಾನವಾಸ. ಅಹಂಕಾರವನ್ನು ಬೇರುಸಹಿತ ಕೀಳಲು ಇದಕ್ಕಿಂತ ನಿಷ್ಠುರವಾದ ದಾರಿಯನ್ನು ಭಾರತದ ಯಾವ ಪಂಥವೂ ಹಾಕಿಕೊಟ್ಟಂತೆ ನನಗೆ ತೋರುವುದಿಲ್ಲ. ಕನ್ನಡ ಶಾಸನಗಳ ಕಾಲಕ್ಕೆ ಈ ವ್ರತ ಮಠದ ಶಿಸ್ತಾಗಿ ಮಾರ್ಪಟ್ಟಿತ್ತು. ಕಾಳಾಮುಖ ಆಚಾರ್ಯರ ಹೆಸರಿನ ಹಿಂದೆ ಯಮ ನಿಯಮ ಸ್ವಾಧ್ಯಾಯ ಧ್ಯಾನ ಧಾರಣ ಮೌನಾನುಷ್ಠಾನ ಜಪ ಸಮಾಧಿ ಶೀಲಸಂಪನ್ನರು ಎಂಬ ವಿಶೇಷಣ ಮತ್ತೆ ಮತ್ತೆ ಬರುತ್ತದೆ. ನೈಷ್ಠಿಕ ಬ್ರಹ್ಮಚಾರಿಗಳಿಗೆ ಮಾತ್ರ ಮಠದಲ್ಲಿ ಜಾಗ, ವ್ರತ ತಪ್ಪಿದವರಿಗೆ ಇಲ್ಲ ಎಂದು ದಾನಪತ್ರದಲ್ಲಿಯೇ ಕಟ್ಟು ಹಾಕಿದ್ದೂ ಉಂಟು.

ಈಗ 1162ರ ಶಾಸನಕ್ಕೆ ಬರಬೇಕು. ಬಿಜ್ಜಳನ ಕಾಲದ್ದು, ಕೇದಾರೇಶ್ವರ ದೇವಾಲಯದ್ದು, ಬಿ. ಎಲ್. ರೈಸ್ ಸಂಪಾದಿಸಿದ ಎಪಿಗ್ರಾಫಿಯಾ ಕರ್ನಾಟಿಕದ ಏಳನೆಯ ಸಂಪುಟದಲ್ಲಿ ಶಿಕಾರಿಪುರ 102 ಎಂಬ ಸಂಖ್ಯೆಯಲ್ಲಿ ಸಿಗುತ್ತದೆ. ಕೋಡಿಯ ಮಠ ಎಂಥ ಸ್ಥಾನ ಎಂದು ಅದು ವಿವರಿಸುವ ಭಾಗ ಕನ್ನಡ ನಾಡಿನ ಸಾಮಾಜಿಕ ಇತಿಹಾಸದಲ್ಲಿ ನನಗೆ ಅತ್ಯಂತ ಬೆಲೆಯುಳ್ಳದ್ದಾಗಿ ಕಾಣುತ್ತದೆ. ಅಲ್ಲಿ ನಾಲ್ಕು ವೇದಗಳೂ ಅವುಗಳ ಅಂಗಗಳೂ ಪಾಠವಾಗುತ್ತಿದ್ದವು. ಕೌಮಾರ, ಪಾಣಿನೀಯ, ಶಾಕಟಾಯನ ವ್ಯಾಕರಣಗಳು. ನ್ಯಾಯ, ವೈಶೇಷಿಕ, ಮೀಮಾಂಸೆ, ಸಾಂಖ್ಯ, ಬೌದ್ಧ ಮೊದಲಾದ ದರ್ಶನಗಳು. ಲಾಕುಳ ಸಿದ್ಧಾಂತ, ಪಾತಂಜಲ ಯೋಗ. ಹದಿನೆಂಟು ಪುರಾಣ, ಧರ್ಮಶಾಸ್ತ್ರ, ಕಾವ್ಯ, ನಾಟಕ. ಇಷ್ಟು ಹೇಳಿ ಶಾಸನ ಅನ್ನದ ಮಾತಿಗೆ ಬರುತ್ತದೆ. ದೀನರು, ಅನಾಥರು, ಕುಂಟರು, ಕುರುಡರು, ಕಿವುಡರು ಅಲ್ಲಿ ಉಣ್ಣುತ್ತಿದ್ದರು. ಕಥೆ ಹೇಳುವವರು, ಹಾಡುವವರು, ವಾದ್ಯ ಬಾರಿಸುವವರು, ಕೊಳಲೂದುವವರು, ಕುಣಿಯುವವರು ಉಣ್ಣುತ್ತಿದ್ದರು. ನಗ್ನರೂ, ಕ್ಷಪಣಕರೂ, ಏಕದಂಡಿ, ತ್ರಿದಂಡಿ, ಹಂಸ, ಪರಮಹಂಸ ಸನ್ಯಾಸಿಗಳೂ ಉಣ್ಣುತ್ತಿದ್ದರು. ದಿಕ್ಕಿಲ್ಲದ ರೋಗಿಗಳಿಗೆ ಅಲ್ಲಿ ಔಷಧೋಪಚಾರ ಸಿಗುತ್ತಿತ್ತು. ಎಲ್ಲ ಜೀವಿಗಳಿಗೂ ಅಭಯವಿದ್ದ ತಾಣ ಅದು ಎಂದು ವರ್ಣನೆ ಮುಗಿಯುತ್ತದೆ.

ಈ ಪಟ್ಟಿಯನ್ನು ನಿಧಾನವಾಗಿ ಓದಬೇಕು. ಶಾಕಟಾಯನ ವ್ಯಾಕರಣವೆಂದರೆ ರಾಷ್ಟ್ರಕೂಟ ಅಮೋಘವರ್ಷನ ಕಾಲದ ಜೈನ ವಿದ್ವಾಂಸನ ಕೃತಿಯೆಂದೇ ತಿಳಿಯುವುದು ಸಹಜ. ಶೈವ ಮಠವೊಂದು ಜೈನನ ವ್ಯಾಕರಣವನ್ನು ತನ್ನ ಮಕ್ಕಳಿಗೆ ಕಲಿಸುತ್ತಿತ್ತು. ಬೌದ್ಧ ದರ್ಶನವನ್ನು ದರ್ಶನಗಳ ಸಾಲಿನಲ್ಲಿಯೇ ಕೂರಿಸಿ ಓದಿಸುತ್ತಿತ್ತು. ಇನ್ನು ಊಟದ ಪಂಕ್ತಿಯಲ್ಲಿ ತ್ರಿದಂಡಿಗಳು. ಮೂರು ಕೋಲುಗಳನ್ನು ಒಂದಾಗಿ ಕಟ್ಟಿ ಹಿಡಿಯುವ ಸನ್ಯಾಸ ಶ್ರೀವೈಷ್ಣವ ಯತಿಗಳದು, ರಾಮಾನುಜರೂ ತ್ರಿದಂಡಿಗಳೇ. ಸಂಪ್ರದಾಯದ ಲೆಕ್ಕದಲ್ಲಿ ಅವರು ದೇಹಬಿಟ್ಟದ್ದು 1137ರಲ್ಲಿ. ಅದಾದ ಇಪ್ಪತ್ತೈದು ವರ್ಷಗಳಿಗೆ ಬರೆಸಿದ ಶಾಸನದಲ್ಲಿ, ಅವರ ಭಾಷ್ಯ ಬುರುಡೆಯಲ್ಲಿ ಉಣ್ಣುವವರೆಂದು ಕರೆದ ಪಂಥದ ಮಠದಲ್ಲಿ, ಅವರಂತೆಯೇ ದಂಡ ಹಿಡಿದ ಯತಿಗಳಿಗೆ ಎಲೆ ಹಾಕಲಾಗುತ್ತಿತ್ತು. ಹೆಣದ ಬೂದಿ ತಿನ್ನುವ, ಹೆಂಡದ ಕೊಡ ಪೂಜಿಸುವ ಮನೆಯಲ್ಲಿ ಪರಮಹಂಸರೂ ತ್ರಿದಂಡಿಗಳೂ ಕೈತೊಳೆದು ಊಟಕ್ಕೆ ಕೂರುವುದು ಸಾಧ್ಯವೇ? ಆ ಕಾಲದ ಮಡಿಯ ಕಟ್ಟುಪಾಡುಗಳನ್ನು ಬಲ್ಲ ಯಾರೂ ಹೌದೆನ್ನಲಾರರು.

ಇದಕ್ಕೆ ಮೊದಲ ಆಕ್ಷೇಪ ತಾನಾಗಿಯೇ ಏಳುತ್ತದೆ. ಶಾಸನ ಎಂದರೆ ಪ್ರಶಸ್ತಿ. ದಾನ ಪಡೆದವರ ಕಡೆಯ ಕವಿ ಬರೆದದ್ದು. ಅವನು ಅರಸನನ್ನು ಇಂದ್ರನೆನ್ನುತ್ತಾನೆ, ಊರನ್ನು ಅಮರಾವತಿಯೆನ್ನುತ್ತಾನೆ. ಮಠವನ್ನು ಮಾತ್ರ ಇದ್ದಂತೆಯೇ ವರ್ಣಿಸುತ್ತಾನೆಂದು ನಂಬುವುದು ಹೇಗೆ? ಆಕ್ಷೇಪದಲ್ಲಿ ಹುರುಳಿದೆ. ಕೋಡಿಯ ಮಠದಲ್ಲಿ ಪ್ರತಿದಿನ ಇಷ್ಟೆಲ್ಲ ಶಾಸ್ತ್ರಗಳ ಪಾಠ ನಡೆಯುತ್ತಿತ್ತೆಂದು ನಾನೂ ಹೇಳಲಾರೆ. ಆದರೆ ಪ್ರಶಸ್ತಿಯ ಉತ್ಪ್ರೇಕ್ಷೆಗೂ ಒಂದು ದಿಕ್ಕಿರುತ್ತದೆ. ಹೊಗಳುವವನು ತನ್ನವರು ಯಾವುದನ್ನು ಹಿರಿಮೆಯೆಂದು ಬಗೆದಿದ್ದಾರೋ ಅದನ್ನೇ ಉಬ್ಬಿಸುತ್ತಾನೆ. ಭಯಂಕರ ವ್ರತಗಳೇ ಕಾಳಾಮುಖರ ಹೆಮ್ಮೆಯಾಗಿದ್ದರೆ ಕಲ್ಲಿನ ಮೇಲೆ ಅವೇ ಮೆರೆಯಬೇಕಿತ್ತು. ಕಪಾಲವನ್ನು ಹಿಡಿದವನಿಗೆ ಅದನ್ನು ಮುಚ್ಚಿಡುವ ಕಾರಣವಿಲ್ಲ, ಅದು ಅವನ ಧರ್ಮದ ಲಾಂಛನ. ಕಲ್ಲಿನ ಮೇಲೆ ಮೆರೆದದ್ದು ವ್ಯಾಕರಣ, ತರ್ಕ, ಅನ್ನ, ಔಷಧ. ಇನ್ನೊಂದು ಮಾತು. ಶಾಸನ ಹೊಗಳಿಕೆಯಷ್ಟೇ ಆಗಿರದೆ ಒಪ್ಪಂದದ ಪತ್ರವೂ ಆಗಿತ್ತು. ಭೂಮಿ ಎಷ್ಟು ಮತ್ತರು, ಎಲ್ಲೆ ಎಲ್ಲಿಯವರೆಗೆ, ಅದರ ಹುಟ್ಟುವಳಿ ಖಂಡಸ್ಫುಟಿತ ಜೀರ್ಣೋದ್ಧಾರಕ್ಕೆ, ದೇವರ ಅಂಗಭೋಗಕ್ಕೆ, ತಪೋಧನರ ಆಹಾರದಾನಕ್ಕೆ, ವಿದ್ಯಾದಾನಕ್ಕೆ ಎಂದು ಬಾಬ್ತು ಹಾಕಿ ಬರೆಯುವ ದಾಖಲೆ ಅದು. ಕೊಟ್ಟವನು ಬಿಜ್ಜಳನಿರಲಿ, ಊರಿನ ವರ್ತಕನಿರಲಿ, ಯಾವ ಕೆಲಸಕ್ಕೆ ಕೊಟ್ಟೆನೆಂಬುದು ಊರೆದುರೇ ಕಲ್ಲಿನಲ್ಲಿ ನಿಂತಿತ್ತು. ಓದಬಲ್ಲವರಿಂದ ತುಂಬಿದ ಪಟ್ಟಣದಲ್ಲಿ, ಬೌದ್ಧರೂ ಜೈನರೂ ಪಕ್ಕದ ಬೀದಿಯಲ್ಲಿರುವಾಗ, ಅನ್ನವೇ ಹಾಕದ ಮಠ ಅನ್ನದ ಪಟ್ಟಿಯನ್ನು ಕೆತ್ತಿಸಿ ನಿಲ್ಲಿಸುವುದು ಸುಲಭವಾಗಿರಲಿಲ್ಲ.

ಎರಡನೆಯ ಆಕ್ಷೇಪ ಇನ್ನೂ ಗಟ್ಟಿ. ರಾಮಾನುಜರು ದೂರದವರೇನಲ್ಲ, ಹೊಯ್ಸಳ ನಾಡಿನ ಮೇಲುಕೋಟೆಯಲ್ಲಿ ಬಾಳಿದವರು. ಅಂಥ ಮಹಾತ್ಮರು ಸುಳ್ಳು ಬರೆದರೆಂದು ಹೇಳುವುದೇ? ಹಾಗೆ ಹೇಳಬೇಕಾದ ಅಗತ್ಯವಿಲ್ಲ. ಶ್ರೀಭಾಷ್ಯದ ಆ ಭಾಗ ಅವರ ಕಣ್ಣು ಕಂಡ ವರದಿಯೆಂದು ಬರೆದದ್ದಲ್ಲ; ಅವರ ಪರಮಗುರು ಯಾಮುನಾಚಾರ್ಯರ ಆಗಮಪ್ರಾಮಾಣ್ಯದಲ್ಲಿ ಅದೇ ವರ್ಣನೆ ಮೊದಲೇ ಇದೆ. ಆ ಗ್ರಂಥದ ಗುರಿ ವೈಷ್ಣವರ ಪಾಂಚರಾತ್ರ ಆಗಮಕ್ಕೆ ವೇದದಷ್ಟೇ ಪ್ರಾಮಾಣ್ಯವಿದೆಯೆಂದು ಸ್ಥಾಪಿಸುವುದು. ತಂತ್ರವೆಲ್ಲ ಅವೈದಿಕ ಎಂಬ ಆರೋಪದಿಂದ ತಮ್ಮ ಆಗಮವನ್ನು ಪಾರು ಮಾಡಲು ಶೈವ ಮಾರ್ಗಗಳನ್ನು ಬೇರೆ ಪಂಕ್ತಿಗೆ ಸರಿಸಬೇಕಾಗಿತ್ತು. ಕಾಪಾಲ, ಕಾಳಾಮುಖ, ಪಾಶುಪತ, ಶೈವ ಎಂದು ನಾಲ್ಕು ಹೆಸರು ಹೇಳಿ, ಮೊದಲೆರಡಕ್ಕೆ ಅತಿ ಘೋರವಾದ ಆಚಾರಗಳನ್ನು ಸಲ್ಲಿಸಿದ್ದು ವಾದದ ನಡೆಯಲ್ಲಿ. ತಲೆಬುರುಡೆಯ ಪಾತ್ರೆ ಕಾಪಾಲಿಕರ ಗುರುತು ಎಂಬುದು ಅದಕ್ಕೂ ಬಹಳ ಹಿಂದಿನಿಂದ ಎಲ್ಲರಿಗೂ ತಿಳಿದಿತ್ತು. 7ನೇ ಶತಮಾನದ ಪಲ್ಲವ ದೊರೆ ಮಹೇಂದ್ರವರ್ಮನ ಮತ್ತವಿಲಾಸ ಪ್ರಹಸನದಲ್ಲಿ ಕಪಾಲ ಕಳೆದುಕೊಂಡು ಹುಡುಕಾಡುವವನು ಕಾಪಾಲಿಕ. ಪಾಶುಪತ ಅಲ್ಲಿ ಬೇರೆಯೇ ಪಾತ್ರ. ಇಬ್ಬರೂ ಭಸ್ಮಧಾರಿಗಳು, ಇಬ್ಬರಿಗೂ ಸ್ಮಶಾನದ ನಂಟು, ಮಹಾವ್ರತಿ ಎಂಬ ಹೆಸರು ಎರಡು ಕಡೆಗೂ ಅಂಟಿಕೊಂಡದ್ದು. ಹೊರಗಿನಿಂದ ನೋಡುವವರಿಗೆ ಗೆರೆ ಅಳಿಸಿಹೋಗುವುದು ಸಹಜ. ಲಕುಲೀಶನ ಕೈಯ ಲಗುಡವೇ ಕಾಳಾಮುಖರ ದೊಣ್ಣೆಯಾಯಿತು, ಪಾಶುಪತರ ಸ್ಮಶಾನವಾಸವೇ ಹೆಣದ ಬೂದಿಯ ಮಾತಿಗೆ ಎಡೆಮಾಡಿತು ಎಂದು ನನಗನಿಸುತ್ತದೆ. ತಮಿಳು ನಾಡಿನಲ್ಲಿಯೂ ಕಾಳಾಮುಖರಿದ್ದರು. ಕೊಡುಂಬಾಳೂರಿನ ದೊರೆ ಭೂತಿ ವಿಕ್ರಮಕೇಸರಿ ಮಲ್ಲಿಕಾರ್ಜುನನೆಂಬ ಆಚಾರ್ಯನಿಗೆ ದೊಡ್ಡ ಮಠವನ್ನೂ, 50 ಅಸಿತವಕ್ತ್ರ ತಪಸ್ವಿಗಳ ಊಟಕ್ಕೆ ಹನ್ನೊಂದು ಹಳ್ಳಿಗಳನ್ನೂ ಕೊಟ್ಟದ್ದು ಶಾಸನದಲ್ಲಿದೆ. ಅಸಿತವಕ್ತ್ರ ಎಂದರೆ ಕಪ್ಪು ಮುಖದವರು, ಕಾಳಾಮುಖರೇ. ಯಾಮುನರ ಸೀಮೆಯಲ್ಲಿಯೂ ಕಲ್ಲು ಹೇಳುವುದು ಮಠ ಮತ್ತು ಊಟದ ಮಾತನ್ನೇ.

ಮೂರನೆಯವರು ಬೇರೆ ದಿಕ್ಕಿನಿಂದ ಕೇಳಬಹುದು. ಕಾಳಾಮುಖರು ಅಷ್ಟು ಸೌಮ್ಯರಾಗಿದ್ದರೆ 1036ರ ಶಾಸನವನ್ನು ಏನೆನ್ನುತ್ತೀರಿ? ಎರಡನೆಯ ಜಯಸಿಂಹನ ಕಾಲದ್ದು ಅದು. ಬಳ್ಳಿಗಾವಿಯ ಪಂಚಲಿಂಗ ದೇವಾಲಯವನ್ನು ಕಾಳಾಮುಖಿ ಬ್ರಹ್ಮಚಾರಿಗಳ ಸ್ಥಾನವೆಂದು ಕರೆದು, ಅಲ್ಲಿನ ಲಕುಲೀಶ್ವರ ಪಂಡಿತನಿಗೆ ದಾನ ಕೊಡುತ್ತದೆ. ಈ ಪಂಡಿತ ಬೌದ್ಧರೆಂಬ ಕಡಲಿಗೆ ಬಡಬಾಗ್ನಿ, ಮೀಮಾಂಸಕರೆಂಬ ಬೆಟ್ಟಕ್ಕೆ ಸಿಡಿಲು, ಲೋಕಾಯತರೆಂಬ ಮರಕ್ಕೆ ಕೊಡಲಿ. ವಾದಿರಾಜ, ಅಜಿತಸೇನರಂಥ ಜೈನ ವಿದ್ವಾಂಸರನ್ನೂ ಗೆದ್ದವನೆಂದು ಅವನ ಬಿರುದುಗಳು ಸಾರುತ್ತವೆ. ಹೌದು, ಇದು ಸೌಮ್ಯರ ಭಾಷೆಯಲ್ಲ. ಕಾಳಾಮುಖರು ತಮ್ಮ ಸಿದ್ಧಾಂತವೇ ಸತ್ಯವೆಂದು ನಂಬಿದ್ದರು, ಉಳಿದವರನ್ನು ಸಭೆಯಲ್ಲಿ ಕೆಡವಲು ಹೊರಟಿದ್ದರು. ಅವರನ್ನು ಇಂದಿನ ಅರ್ಥದ ಸರ್ವಧರ್ಮ ಸಮಭಾವದವರೆಂದು ಚಿತ್ರಿಸುವುದು ತಪ್ಪಾಗುತ್ತದೆ. ಆದರೆ ಗಮನಿಸಬೇಕಾದ್ದು ಗೆಲುವಿನ ಸಾಧನವನ್ನು. ಗೆದ್ದದ್ದು ತರ್ಕದಿಂದ, ಅರಸನ ಆಸ್ಥಾನದಲ್ಲಿ, ನೈಯಾಯಿಕರ ಪಕ್ಷ ಹಿಡಿದು. ಹೀಗೆ ಗೆಲ್ಲಬೇಕಾದವನು ಎದುರಾಳಿಯ ಶಾಸ್ತ್ರವನ್ನು ಓದಲೇಬೇಕು; ಕೋಡಿಯ ಮಠದ ಪಾಠಪಟ್ಟಿಯಲ್ಲಿ ಬೌದ್ಧ ದರ್ಶನವಿದ್ದದ್ದಕ್ಕೆ ಇದೂ ಒಂದು ಕಾರಣ. ಆ ಬಿರುದುಗಳನ್ನು ಕೆತ್ತಿದ ಸುಮಾರು ಮೂವತ್ತು ವರ್ಷಗಳ ಅನಂತರ ಅದೇ ಊರಿನಲ್ಲಿ ಬೌದ್ಧವಿಹಾರ ಎದ್ದು ನಿಂತಿತು. ಬಡಬಾಗ್ನಿ ಉಪಮೆಯಾಗಿಯೇ ಉಳಿದಿತ್ತು, ಯಾರ ಗುಡಿಯನ್ನೂ ಸುಡಲಿಲ್ಲ.

ಹಾಗಾದರೆ ಅವರ ಕಾಠಿಣ್ಯಕ್ಕೂ ಈ ತೆರೆದ ಬಾಗಿಲಿಗೂ ನಂಟೇನು? 11 ಮತ್ತು 12ನೇ ಶತಮಾನಗಳ ಕನ್ನಡ ನಾಡಿನಲ್ಲಿ ದೇವಾಲಯವೆಂದರೆ ಪೂಜೆಯ ಜಾಗ ಮಾತ್ರವಾಗಿರಲಿಲ್ಲ. ಕೆರೆ, ತೋಟ, ಗದ್ದೆ, ಸುಂಕದ ಪಾಲು, ಗಾಣದ ಎಣ್ಣೆ ಎಲ್ಲ ಅದಕ್ಕೆ ಹರಿದು ಬರುತ್ತಿದ್ದವು. ಇಷ್ಟು ಸಂಪತ್ತನ್ನು ಯಾರ ಕೈಗೆ ಒಪ್ಪಿಸುವುದು? ಸಂಸಾರವಂದಿಗನ ಕೈಗೆ ಕೊಟ್ಟರೆ ಎರಡು ತಲೆಮಾರಿನಲ್ಲಿ ಅದು ಮನೆತನದ ಆಸ್ತಿಯಾಗುತ್ತದೆ. ಹೆಂಡತಿ ಮಕ್ಕಳಿಲ್ಲದ, ಆಸ್ತಿ ಮಾಡಲಾರದ, ವ್ರತ ತಪ್ಪಿದರೆ ಮಠದಿಂದಲೇ ಹೊರಬೀಳುವ ತಪೋಧನನ ಕೈಗೆ ಕೊಟ್ಟರೆ ಅದು ಉದ್ದೇಶಕ್ಕೇ ಸಲ್ಲುತ್ತದೆಂಬ ಭರವಸೆಯಿತ್ತು. ಗುರುವಿನಿಂದ ಶಿಷ್ಯನಿಗೆ ಸಾಗುವ ಹಕ್ಕು ರಕ್ತದ ಮೇಲೆ ನಿಂತದ್ದಲ್ಲ. ಆದ್ದರಿಂದಲೇ ದಾನಪತ್ರಗಳು ಆಚಾರ್ಯನ ವಂಶವನ್ನು ಬಿಟ್ಟು ಅವನ ಗುರುವನ್ನೂ ಪರಮಗುರುವನ್ನೂ ಹೆಸರಿಸುತ್ತವೆ. ವೀರಬಲ್ಲಾಳನ 1192ರ ಗದಗಿನ ಶಾಸನ ತ್ರಿಕೂಟೇಶ್ವರದ ಸಿದ್ಧಾಂತಿ ಚಂದ್ರಭೂಷಣ ಪಂಡಿತನನ್ನು ಪರಿಚಯಿಸುವುದೂ ಹೀಗೆಯೇ: ಕಾಳಾಮುಖಾಚಾರ್ಯ ಸೋಮೇಶ್ವರದೇವರ ಪ್ರಶಿಷ್ಯ, ವಿದ್ಯಾಭರಣದೇವರ ಶಿಷ್ಯ. ಸತ್ಯವಾಕ್ಯನೆಂಬುದು ಅವನ ಇನ್ನೊಂದು ಹೆಸರು. ಅಷ್ಟು ಭೂಮಿಯ ಉಸ್ತುವಾರಿಗೆ ಬೇಕಾಗಿದ್ದ ಗುಣವೂ ಅದೇ. ಒಳಗಿನ ಬಿಗಿ ಇಲ್ಲದೆ ಇದ್ದಿದ್ದರೆ ಕುರುಡರ ಅನ್ನ, ರೋಗಿಯ ಮದ್ದು ಎಂಟು ಹತ್ತು ತಲೆಮಾರು ನಡೆಯುತ್ತಿರಲಿಲ್ಲ. ಈ ಅನ್ನಕ್ಕೆ ಬೆಲೆ ತೆತ್ತವರು ಆ ಗದ್ದೆಗಳಲ್ಲಿ ದುಡಿದ ಒಕ್ಕಲುಗಳು ಎಂಬುದನ್ನೂ ಮರೆಯುವಂತಿಲ್ಲ. ಶಾಸನಗಳು ಅವರ ಹೆಸರನ್ನು ಬರೆಯುವುದಿಲ್ಲ. ಅದು ಆ ಕಾಲದ ದೊಡ್ಡ ಕೊರತೆ, ಮಠಗಳೂ ಅದಕ್ಕೆ ಹೊರತಲ್ಲ.

ಇಷ್ಟೊಂದು ಬೇರುಬಿಟ್ಟವರು ಮರೆಯಾದದ್ದು ಹೇಗೆಂಬ ಪ್ರಶ್ನೆ ಉಳಿಯುತ್ತದೆ. ಉತ್ತರದ ಒಂದು ತುದಿ ಅಬ್ಬಲೂರಿನಲ್ಲಿದೆ. ಆ ಊರಿನ ಬ್ರಹ್ಮೇಶ್ವರ ದೇವಾಲಯ ಬಳ್ಳಿಗಾವಿಯ ಕಾಳಾಮುಖರ ಕೈಯಲ್ಲಿತ್ತು. ಅದೇ ಊರಿನ ಸೋಮನಾಥ ದೇವಾಲಯದ ಶಾಸನ, ಸುಮಾರು 1200ರದ್ದು, ಏಕಾಂತದ ರಾಮಯ್ಯನ ಕಥೆ ಹೇಳುತ್ತದೆ: ಜೈನರೊಡನೆ ಪಣ ಕಟ್ಟಿ ತಲೆಯನ್ನು ಶಿವನಿಗೆ ಅರ್ಪಿಸಿ, ಏಳು ದಿನಗಳ ಮೇಲೆ ಮರಳಿ ಪಡೆದು, ಬಿಜ್ಜಳನಿಂದ ಜಯಪತ್ರ ಪಡೆದ ಕಥೆ. ಒಂದೇ ಊರಿನ ಎರಡು ಗುಡಿಗಳಲ್ಲಿ ಎರಡು ಕಾಲಗಳು ನಿಂತಿವೆ. ಶಿವಭಕ್ತಿಯ ಬಿಸಿ ಪಂಡಿತರ ಸಭೆಯಿಂದ ಬೀದಿಗೆ ಇಳಿದಿತ್ತು. ಬಳ್ಳಿಗಾವಿಯವನೆಂದೇ ಪರಂಪರೆ ನೆನೆಯುವ ಅಲ್ಲಮಪ್ರಭು, ಕಲ್ಯಾಣದ ಬಸವಣ್ಣ ಮತ್ತು ಅವರ ಶರಣರು ಕನ್ನಡದ ಮಾತಿನಲ್ಲಿ, ಇಷ್ಟಲಿಂಗದ ಬಲದಲ್ಲಿ, ಹೆಂಗಸರನ್ನೂ ಕಾಯಕದವರನ್ನೂ ಕೂಡಿಸಿಕೊಂಡು ಹೊಸ ದಾರಿ ತೆರೆದರು. ಕಾಳಾಮುಖ ಮಠಗಳೇ ಮುಂದೆ ವೀರಶೈವ ಮಠಗಳಾದವೆಂದು ಹಲವು ವಿದ್ವಾಂಸರು ಊಹಿಸಿದ್ದಾರೆ. ಇಬ್ಬರ ನೆಲವೂ ಒಂದೇ ಆದ್ದರಿಂದ ಊಹೆ ಸಂಭವನೀಯವಾಗಿದೆ. ಆದರೆ ಸ್ಥಾವರ ಗುಡಿ, ವೇದಾಧ್ಯಯನ, ಬ್ರಹ್ಮಚರ್ಯ ಇವು ಕಾಳಾಮುಖರ ಮೂರು ಕಂಬಗಳು. ಶರಣರು ಪ್ರಶ್ನಿಸಿದ್ದೂ ಇಂಥವನ್ನೇ. ಆದ್ದರಿಂದ ಮಠದ ಗೋಡೆ ಉಳಿದು ಒಳಗಿನ ಧರ್ಮ ಬದಲಾಯಿತೆನ್ನುವುದು ಹೆಚ್ಚು ಸರಿ. ಇತ್ತ ಅರಸರ ಆಶ್ರಯದಲ್ಲಿದ್ದ ಕವಲು ಇನ್ನಷ್ಟು ಕಾಲ ಉಸಿರಾಡಿತು. ವಿಜಯನಗರದ ಮೊದಲ ತಲೆಮಾರಿನ ರಾಜಗುರು ಕಾಶೀವಿಲಾಸ ಕ್ರಿಯಾಶಕ್ತಿಯ ಹೆಸರಿನಲ್ಲಿಯೇ ಹಳೆಯ ಶಕ್ತಿಪರಿಷೆಯ ಧಾಟಿಯಿದೆ. ಅವನ ಶಿಷ್ಯ ಮಾಧವಮಂತ್ರಿ 1368ರಲ್ಲಿ 80 ಮಂದಿ ಕಾಶ್ಮೀರಿ ಬ್ರಾಹ್ಮಣರಿಗೆ ಭೂದಾನ ಮಾಡಿದ. ಮಧುರಾವಿಜಯ ಬರೆದ ಗಂಗಾದೇವಿ ಕಾವ್ಯದ ಮೊದಲಿಗೆ ಕ್ರಿಯಾಶಕ್ತಿ ಗುರುವನ್ನು ನೆನೆದಳು. ಅಲ್ಲಿಂದ ಮುಂದೆ ಕಾಳಾಮುಖರ ಹೆಸರು ಕಲ್ಲಿನಿಂದ ಮೆಲ್ಲಗೆ ಅಳಿಸಿಹೋಗುತ್ತದೆ.

ಹೆಸರು ಅಳಿದ ಮೇಲೆ ಅವರ ಪರವಾಗಿ ಮಾತಾಡುವವರು ಯಾರೂ ಉಳಿಯಲಿಲ್ಲ. ಅವರದೇ ಗ್ರಂಥಗಳು ನಮಗೆ ದಕ್ಕಲಿಲ್ಲ, ಎದುರಾಳಿಗಳ ಭಾಷ್ಯಗಳು ದಿನವೂ ಪಾಠವಾಗುತ್ತ ಉಳಿದವು. ರೈಸ್ ಅವರ ಸಂಪುಟ 1902ರಲ್ಲಿ ಹೊರಬಂದು ಕೋಡಿಯ ಮಠದ ಮಾತುಗಳು ಅಚ್ಚಿನಲ್ಲಿ ಸಿಕ್ಕ ಮೇಲೂ, 1913ರ ತಮ್ಮ ಹೆಸರಾಂತ ಪುಸ್ತಕದಲ್ಲಿ ಆರ್. ಜಿ. ಭಂಡಾರಕರ್ ಕಾಳಾಮುಖರ ಆಚಾರಗಳಿಗೆ ರಾಮಾನುಜರ ವರ್ಣನೆಯನ್ನೇ ಆಧಾರವಾಗಿಟ್ಟುಕೊಂಡರು. ಶಾಸನಗಳನ್ನೆಲ್ಲ ಒಟ್ಟಿಗೆ ಇಟ್ಟು, ಕಾಪಾಲಿಕರು ಬೇರೆ, ಕಾಳಾಮುಖರು ಬೇರೆ ಎಂದು ವಿಸ್ತಾರವಾಗಿ ತೋರಿಸಿದ ಡೇವಿಡ್ ಲೊರೆಂಜೆನ್ ಅವರ ಗ್ರಂಥ ಬಂದದ್ದು 1972ರಲ್ಲಿ. ಕನ್ನಡದ ಪಠ್ಯಗಳಲ್ಲಿ ಇಂದಿಗೂ ಕಾಳಾಮುಖರಿಗೆ ಸಿಗುವುದು ಒಂದೆರಡು ಸಾಲು, ಅದೂ ಹಲವೆಡೆ ಕಾಪಾಲಿಕರ ಜೊತೆ ಒಂದೇ ಉಸಿರಿನಲ್ಲಿ. ಕೇದಾರೇಶ್ವರನ ಮೂರು ಗರ್ಭಗುಡಿಗಳ ದೇವಾಲಯ ಬಳ್ಳಿಗಾವಿಯಲ್ಲಿ ಈಗಲೂ ನಿಂತಿದೆ. ಕಾಳಾಮುಖರ ಬಗ್ಗೆ ಇನ್ನು ಮುಂದೆ ಬರೆಯುವವರು, ಮಕ್ಕಳಿಗೆ ಪಾಠ ಹೇಳುವವರು, ಭಾಷ್ಯದ ಸಾಲನ್ನು ಎತ್ತಿಕೊಳ್ಳುವ ಮೊದಲು ಶಿಕಾರಿಪುರ 102ನೇ ಶಾಸನವನ್ನು ಒಮ್ಮೆ ಪೂರ್ತಿಯಾಗಿ ಓದಲಿ.